ಒಲ್ಲೆ ಎನ್ನಲು ಕಲಿಸಿದ ಶಾಲೆ

ಕಳೆದ ತಿಂಗಳು ಹಾನಗಲ್ಲಿನಲ್ಲಿ ನಮ್ಮ ಬೀಗರ ಪೈಕಿ ಒಂದು ಮದುವೆ. ಊಟದ ಪಂಕ್ತಿಯಲ್ಲಿ ಕುಳಿತಿದ್ದೆ. ಬಡಿಸುವವನು ಇನ್ನೊಂದು ಸುತ್ತು ಹೋಳಿಗೆ ಹಿಡಿದು ಬಂದ. ನಾನು ಎಲೆಗೆ ಅಡ್ಡ ಬೀಳಲಿಲ್ಲ, ಹೊಟ್ಟೆ ತುಂಬಿದ ಪುರಾಣ ತೆಗೆಯಲಿಲ್ಲ. ಅವನ ಕಣ್ಣು ನೋಡಿ ಒಂದೇ ಸಲ "ಒಲ್ಲೆ" ಎಂದೆ. ಆತ ಹೋಳಿಗೆಯ ಸಮೇತ ಮುಂದಿನ ಎಲೆಗೆ ಹೋಗಿಬಿಟ್ಟ. ಪಕ್ಕದಲ್ಲಿದ್ದ ನನ್ನ ಮಗಳು ದಂಗಾದಳು. ಬೇಡ ಬೇಡವೆಂದು ಕೈ ಮುಗಿದರೂ ಅವಳ ಎಲೆಯ ಮೇಲೆ ಹೋಳಿಗೆ ಬಿದ್ದು ಅದರ ಮೇಲೆ ತುಪ್ಪವೂ ಬಿದ್ದಿತ್ತು.

"ಅವ್ವಾ, ಇದನ್ನ ಎಲ್ಲಿ ಕಲ್ತಿ?" ಎಂದಳು.

"ಸಾಲ್ಯಾಗ," ಎಂದೆ.

ಸುಳ್ಳಲ್ಲ. ಚಪ್ಪರದ ಹೊರಗೆ ಮಳೆ ಹಿಡಿದಿತ್ತು. ಅಡುಗೆಯವರು ಸೌದೆಗೆ ಹೊದಿಸಿದ್ದ ಗೋಣಿಚೀಲಗಳು ನೆನೆದು ವಾಸನೆ ಬರುತ್ತಿತ್ತು. ಆ ವಾಸನೆ ಮೂಗಿಗೆ ಬಿದ್ದದ್ದೇ ತಡ, ನನ್ನ ಮನಸ್ಸು ಪಂಕ್ತಿ ಬಿಟ್ಟೆದ್ದು ಅಕ್ಕಿಆಲೂರಿನ ಹಳೆಯ ಗಿರಣಿಗೆ ಹೋಗಿ ಕುಳಿತಿತು. ನಾನು ಅಲ್ಲಿ ಕಲಿತದ್ದು ಒಂದೇ ಒಂದು ಮಳೆಗಾಲ.

ಅಕ್ಕಿಆಲೂರಿನ ಹೊರಗೆ, ಮುಚ್ಚಿಹೋಗಿದ್ದ ಒಂದು ಅಕ್ಕಿ ಗಿರಣಿಯಲ್ಲಿ ಆ ಶಾಲೆ ಇತ್ತು. ಬಾಗಿಲಿನ ಮೇಲೆ 'ಕಾಲವಿದ್ಯಾ ಶಾಲೆ' ಎಂದು ಬರೆದಿದ್ದರೂ ಊರವರ ಬಾಯಲ್ಲಿ ಅದು ಮಳಿ ಸಾಲಿ. ಬಸ್ಸಿನ ಕಂಡಕ್ಟರ್ ಕೂಡ "ಮಳಿ ಸಾಲಿಯವರು ಇಳೀರಿ" ಎಂದೇ ಕೂಗುತ್ತಿದ್ದ. ಕಾಲದಲ್ಲಿ ಹಿಂದಕ್ಕೆ ಹೋಗಿಬರುವ ವಿದ್ಯೆಯನ್ನು ಅಲ್ಲಿ ಕಲಿಸುತ್ತಿದ್ದರು. ಓದಿ ಹುಬ್ಬೇರಿಸುವವರು ಏರಿಸಲಿ, ನಮ್ಮ ಕಡೆ ಅದು ಅಂಥ ದೊಡ್ಡ ಸುದ್ದಿಯೇನೂ ಆಗಿರಲಿಲ್ಲ. ಟೈಲರಿಂಗ್ ಕ್ಲಾಸು, ಕಂಪ್ಯೂಟರ್ ಕ್ಲಾಸು ಇದ್ದಂತೆ ಇದೂ ಒಂದು. ಪ್ರವೇಶ ಮಾತ್ರ ನಲವತ್ತು ದಾಟಿದವರಿಗೆ. ಹಿಂದಕ್ಕೆ ಹೋಗಬೇಕೆಂದರೆ ಹಿಂದೆ ಏನಾದರೂ ಇರಬೇಕಲ್ಲ!

ಶಾಲೆ ನಡೆಸುತ್ತಿದ್ದವರು ಹತ್ತಿಮತ್ತೂರಿನ ವೀರಭದ್ರಪ್ಪ ಮಾಸ್ತರರು. ಕಾಲವಿದ್ಯೆ ಕಲಿಸುವ ಮನುಷ್ಯ ಕೈಗೆ ಗಡಿಯಾರ ಕಟ್ಟುತ್ತಿರಲಿಲ್ಲ. ಕೇಳಿದರೆ, "ಗಡಿಯಾರ ಮುಂದಕ್ಕಷ್ಟ ಹೋಗತೈತ್ರಿ, ಅದನ್ನ ತಗೊಂಡು ನಾವೇನ್ ಮಾಡೂದು?" ಎನ್ನುತ್ತಿದ್ದರು. ಅವರ ವಿದ್ಯೆಯೆಲ್ಲ ಮಳೆಯ ಮೇಲೆ ನಿಂತಿತ್ತು. ನಮ್ಮಲ್ಲಿ ಮಳೆಗಳಿಗೆ ಹೆಸರಿದೆ, ಮಿರಗ, ಆರಿದ್ರಿ, ಪುಷ್ಯ, ಮಘ, ಹುಬ್ಬಿ, ಉತ್ತರಿ ಎಂದು. ಮೊದಲ ದಿನದ ಪಾಠದಲ್ಲಿ ಮಾಸ್ತರರು ಹೇಳಿದ್ದು ಇಷ್ಟು:

"ಹ್ವಾದ ವರ್ಷದ ಆರಿದ್ರಿ ಬ್ಯಾರೆ, ಈ ವರ್ಷದ ಆರಿದ್ರಿ ಬ್ಯಾರೆ ಅಂತ ತಿಳೀಬ್ಯಾಡ್ರಿ. ಎಲ್ಲಾ ಒಂದ ಮಳಿ. ವರ್ಷಕ್ಕೊಮ್ಮೆ ಬಂದು ಹೋಗತೈತಿ, ಬೀಗರು ಬಂದಂಗ. ಈ ವರ್ಷದ ಮಳ್ಯಾಗ ಇಳದ್ರಿ ಅಂದ್ರ, ಹಿಂದಿನ ಯಾವ ವರ್ಷದ ಅದ ಮಳ್ಯಾಗ ಬೇಕಾದ್ರೂ ಏಳಬಹುದು."

ಹಾಗೆ ಏಳಬೇಕೆಂದರೆ ಬೇಕಾದ ವರ್ಷದ ಮಳೆಯ ಸದ್ದು ಮನಸ್ಸಿನಲ್ಲಿರಬೇಕು. ಅದಕ್ಕೇ ನಾವು ಗಿರಣಿಯ ತಗಡಿನ ಮಾಡಿನ ಕೆಳಗೆ ಕಣ್ಣು ಮುಚ್ಚಿ ಕುಳಿತು ಮಳೆ ಕೇಳುತ್ತಿದ್ದೆವು. ಕೇಳುತ್ತ ಕೇಳುತ್ತ ಅರ್ಧ ತರಗತಿ ಗೊರಕೆ ಹೊಡೆಯುತ್ತಿತ್ತು. ಪಯಣಕ್ಕೆ ಬೇಕಾದ ಸಾಮಾನು ಒಂದು ಗೋಣಿಚೀಲ. ಅದನ್ನು ಮಡಚಿ ತಲೆಗೆ ಕೊಪ್ಪೆ ಹಾಕಿಕೊಂಡರೆ ಯಾವ ಕಾಲಕ್ಕೆ ಹೋದರೂ ಯಾರೂ ತಿರುಗಿ ನೋಡುವುದಿಲ್ಲ. ಛತ್ರಿಯ ಮಾದರಿ ಬದಲಾಗುತ್ತದೆ, ಗೋಣಿ ಬದಲಾಗುವುದಿಲ್ಲ.

ನಿಯಮಗಳು ಸಣ್ಣವು. ಆಗಿಹೋದದ್ದನ್ನು ತಿದ್ದಲು ಬರುವುದಿಲ್ಲ, ನೋಡಲಷ್ಟೇ ಬರುತ್ತದೆ. ಅಲ್ಲಿಂದ ಏನೂ ತರಬಾರದು. ಒಬ್ಬರಿಗೆ ಒಂದೇ ಸಲ. ಎರಡನೆಯ ಸಲ ಮಳೆ ಗುರುತು ಹಿಡಿಯುತ್ತದೆ, ಬಿಡುವುದಿಲ್ಲ. ಇಳಿದ ಮಳೆ ನಿಲ್ಲುವುದರೊಳಗೆ ತಿರುಗಿ ಬರಬೇಕು, ಇಲ್ಲದಿದ್ದರೆ ಮುಂದಿನ ವರ್ಷ ಅದೇ ಮಳೆ ಬರುವವರೆಗೆ ಅಲ್ಲೇ. ಎಲ್ಲಕ್ಕಿಂತ ಮುಖ್ಯವಾಗಿ, ಅಲ್ಲಿ ಏನೂ ತಿನ್ನಬಾರದು. ಇನ್ನೊಂದು ಕಾಲದ ಅನ್ನ ಹೊಟ್ಟೆಗೆ ಬಿತ್ತೆಂದರೆ, ಅದು ಅರಗುವವರೆಗೆ ಕಾಲು ಅಲ್ಲಿಂದ ಕೀಳುವುದಿಲ್ಲ.

ಕೇಳಿದಾಗ ನಾವು ನಕ್ಕೆವು. ತಿನ್ನದೆ ಬಂದರಾಯಿತು, ಅದರಲ್ಲೇನು? ಮಾಸ್ತರರು ನಗಲಿಲ್ಲ. ಈ ಸೀಮೆಯಲ್ಲಿ ಮನೆಗೆ ಹೋದವರು ತಿನ್ನದೆ ಬರುವುದು ಎಂಥ ಕಷ್ಟವೆಂದು ಅವರಿಗೆ ಗೊತ್ತಿತ್ತು. ನಮ್ಮಲ್ಲಿ ಮೊದಲ ಸಲ ಬೇಡ ಎಂದರೆ ನಾಚಿಕೆ, ಎರಡನೆಯ ಸಲ ಎಂದರೆ ಮರ್ಯಾದೆ, ಮೂರನೆಯ ಸಲ ಎಂದರೆ 'ಸ್ವಲ್ಪ ಹಾಕಿರಿ' ಎಂದು ಅರ್ಥ. ನಾಲ್ಕನೆಯ ಸಲ ಬೇಡ ಎಂದವರ ಜೊತೆ ಮಾತು ಬಿಡುತ್ತಾರೆ. ಹಾಗಾಗಿ ಶಾಲೆಯ ಅತಿ ಕಠಿಣ ವಿಷಯ 'ಒಲ್ಲೆ'. ಅದನ್ನು ಕಲಿಸುತ್ತಿದ್ದವರು ಅಡುಗೆಯ ಖಾದರಸಾಬರು. ಸವಣೂರಿನ ಮನುಷ್ಯ, ಕೈಯಲ್ಲಿ ಅಮೃತ, ನಾಲಿಗೆಯಲ್ಲಿ ಅದಕ್ಕಿಂತ ಹೆಚ್ಚು. ಬಿಸಿ ಮಿರ್ಚಿಭಜಿಯ ತಾಟು ಹಿಡಿದು ಬಂದು, "ನಿಮ್ಮ ಸಲುವಾಗನ ಮಾಡೇನ್ರೀ ಅಕ್ಕಾರ, ಒಂದರ ತಗೋರಿ, ಇಲ್ಲಾಂದ್ರ ನನ್ನ ಕೈಗೆ ಬ್ಯಾಸರಾಗತೈತಿ" ಎನ್ನುತ್ತಿದ್ದರು. ಇಡೀ ತರಗತಿ ನಪಾಸು. ಶಿಗ್ಗಾಂವಿಯ ಒಬ್ಬ ನಿವೃತ್ತ ಗುಮಾಸ್ತರು ಮಾತ್ರ ಪಾಸಾದರು, ಅದೂ ಅವತ್ತು ಅವರ ಹೊಟ್ಟೆ ಕೆಟ್ಟಿದ್ದರಿಂದ.

ನಪಾಸಾದವರಲ್ಲಿ ಮೊದಲನೆಯವಳು ನನ್ನ ಕೋಣೆಯ ಗೆಳತಿ ನೀಲವ್ವ. ಹುಟ್ಟಿದ್ದು ಹಿರೇಕೆರೂರು ತಾಲೂಕಿನ ಅಬಲೂರು. ಕೊಟ್ಟದ್ದು ಹಿರೇಕೆರೂರಿಗೇ. ಐವತ್ತು ದಾಟಿದ್ದಳು, ಮೊಮ್ಮಕ್ಕಳಿದ್ದವು. ಅವಳು ನಕ್ಕರೆ ಗಿರಣಿಯ ಪಾರಿವಾಳಗಳು ಹಾರುತ್ತಿದ್ದವು. ನಾವೆಲ್ಲ ಕುತೂಹಲಕ್ಕೆ, ಚಟಕ್ಕೆ ಸೇರಿದವರು. ನೀಲವ್ವ ಒಂದೇ ಕೆಲಸಕ್ಕೆ ಬಂದವಳು. ಅವಳಿಗೆ ಅವಳ ಅವ್ವನ ಮುಖ ನೋಡಬೇಕಿತ್ತು.

ಅವ್ವ ತೀರಿದಾಗ ನೀಲವ್ವ ಬಗಲ ಕೂಸು. ಒಂದು ಫೋಟೋ ಕೂಡ ಇಲ್ಲ. ಸಾಕಿದ ದೊಡ್ಡವ್ವನನ್ನು ಕೇಳಿದರೆ "ನಿನ್ನಂಗ ಇದ್ಲು" ಎಂದು ಮುಗಿಸುತ್ತಿದ್ದಳಂತೆ. "ನನ್ನಂಗ ಅಂದ್ರ ಹ್ಯಾಂಗ ಸರೋಜಕ್ಕಾ? ನಾ ಹ್ಯಾಂಗದೇನಿ ಅನ್ನೂದ ನನಗ ಗೊತ್ತಿಲ್ಲ!" ಎಂದು ನೀಲವ್ವ ನಗುತ್ತಿದ್ದಳು. ಅವಳಲ್ಲಿ ಉಳಿದದ್ದು ಒಂದು ಸದ್ದು. ಮನೆಯ ಮಾಳಿಗೆ ಸೋರಿ, ಹಿತ್ತಾಳೆಯ ಕೊಳಗದಲ್ಲಿ ನೀರು ಬೀಳುವ ಸದ್ದು. ಅದು ಅವ್ವನ ಕಡೆಯ ಉತ್ತರಿ ಮಳೆ ಎಂದು ದೊಡ್ಡವ್ವ ಹೇಳಿದ್ದಳು. ಹಾಗಾಗಿ ಅವಳ ಸರದಿ ಉತ್ತರಿ ಮಳೆಗೇ ಕಾಯಬೇಕಿತ್ತು.

ಆದರೆ ಒಲ್ಲೆ ಎನ್ನುವುದು ಅವಳ ಬಾಯಲ್ಲಿ ಹುಟ್ಟುತ್ತಲೇ ಇರಲಿಲ್ಲ. ಖಾದರಸಾಬರು ತಾಟು ಎತ್ತುವ ಮೊದಲೇ ಅವಳ ಕೈ ಮುಂದೆ ಬರುತ್ತಿತ್ತು. ನಾನು ಬೈದಾಗ ಒಮ್ಮೆ ಮೆಲ್ಲಗೆ ಹೇಳಿದಳು: "ತಾಯಿಲ್ಲದ ಕೂಸಂತ ಓಣ್ಯಾಗ ಎಲ್ಲಾರೂ ಕರದು ಕರದು ಉಣಿಸ್ಯಾರ. ಕೊಟ್ಟಿದ್ದನ್ನ ಒಲ್ಲೆ ಅಂದ್ರ ಅವರ ಕೈ ಒಲ್ಲೆ ಅಂದಂಗ ಆಕ್ಕಿತ್ತು." ಅದಾದ ಮೇಲೆ ನಾನು ಬೈಯುವುದನ್ನು ಬಿಟ್ಟೆ.

ಮಘ ಮಳೆಯಲ್ಲಿ ನನ್ನ ಪರೀಕ್ಷೆ ಬಂತು, ಪರೀಕ್ಷೆ ಎಂದರೆ ಪಯಣವೇ. ಅರ್ಜಿಯಲ್ಲಿ 'ತವರುಮನೆ ದರ್ಶನ' ಎಂದು ಹೇಳಿಕೊಂಡಿದ್ದೆ. ನಿಜ ಸಂಗತಿ ಬೇರೆ. ಕನ್ಯೆ ನೋಡಲು ಬಂದ ದಿನ ನಾನು ಮಾಡಿದ ಉಪ್ಪಿಟ್ಟು ಬರೀ ಉಪ್ಪಾಗಿತ್ತು ಎಂದು ನನ್ನ ಗಂಡ ಮದುವೆಯಾದಾಗಿನಿಂದ ಊರೆಲ್ಲ ಹೇಳಿಕೊಂಡು ಬಂದಿದ್ದಾರೆ. ಅದು ಸುಳ್ಳೆಂದು ಸಾಬೀತು ಮಾಡಲು ನಾನು ಕಾಲವಿದ್ಯೆ ಕಲಿತೆ. ನಗಬೇಡಿ, ಇದಕ್ಕಿಂತ ಸಣ್ಣ ಕಾರಣಕ್ಕೆ ಜನ ಕೋರ್ಟಿಗೆ ಹೋಗುತ್ತಾರೆ.

ಹಾನಗಲ್ಲಿನ ನಮ್ಮ ಓಣಿಯಲ್ಲಿ ಕೊಪ್ಪೆ ಹಾಕಿಕೊಂಡು ಮಳೆಗೆ ಇಳಿದೆ. ಆ ವರ್ಷದ ಮಳೆಯ ಸದ್ದಿಗೆ ಈ ಮಳೆಯ ಸದ್ದು ಕೂಡಿತು. ಕಾಲಡಿಯ ಸಿಮೆಂಟು ರಸ್ತೆ ಹೋಗಿ ಕೆಸರು ಬಂತು. ಬೀಗರಾಗಲಿದ್ದವರು ಎದ್ದುಹೋಗಿದ್ದರು. ಬಾಗಿಲಲ್ಲಿ ನಮ್ಮವ್ವ, ತಲೆಯಲ್ಲಿ ಒಂದೂ ಬಿಳಿ ಕೂದಲಿಲ್ಲ.

"ಯಾರವಾ ನೀವು? ಮಳ್ಯಾಗ ಯಾಕ ನಿಂತೀರಿ, ಒಳಗ ಬರ್ರಿ."

ಕುಡಿಯಲು ನೀರು ಕೇಳಿದೆ.

"ಬರೇ ನೀರ ಹ್ಯಾಂಗ ಕೊಡೂದ್ರಿ? ಹುಡಿಗಿ ನೋಡಾಕ ಬಂದೋರು ಈಗರ ಹ್ವಾದ್ರು. ಉಪ್ಪಿಟ್ಟು ಭಾಳ ಉಳದೈತಿ, ತಿನ್ರಿ."

ಭಾಳ ಉಳಿದಿದೆ ಎಂದಾಗಲೇ ನನಗೆ ತಿಳಿಯಬೇಕಿತ್ತು. ಚಿಟಿಕೆ ಬಾಯಿಗೆ ಹಾಕಿದೆ. ದೇವರಾಣೆ, ಉಪ್ಪಿನ ಗುಡ್ಡ! ಅಡುಗೆಮನೆಯ ಬಾಗಿಲ ಸಂದಿಯಲ್ಲಿ ಜಡೆಯ ತುದಿ ತಿರುವುತ್ತ, ಜಗತ್ತು ಗೆದ್ದವಳಂತೆ ನಿಂತ ನನ್ನನ್ನು ನಾನೇ ನೋಡಿ ಕೆನ್ನೆಗೊಂದು ಕೊಡಬೇಕೆನಿಸಿತು. ಉಪ್ಪು ತಿಂದವರು ನೀರು ಕುಡಿಯಲೇಬೇಕು. ಕುಡಿದೆ. ಮತ್ತೆ ಕೇಳಿ ಕುಡಿದೆ. ನನ್ನ ದಾಹ ನೋಡಿ ಅವ್ವನಿಗೆ ಮರುಕ ಬಂದು ಅನ್ನ ಮೊಸರು ಬಡಿಸಿಬಿಟ್ಟಳು. "ಮಘಿ ಮಳಿ ಬಂದಷ್ಟೂ ಛಲೋ, ಮನಿ ಮಗ ಉಂಡಷ್ಟೂ ಛಲೋ ಅಂತಾರ. ನಾಚಬ್ಯಾಡ್ರಿ, ಉಣ್ರಿ." ಅವ್ವನ ಕೈಯ ಮೊಸರನ್ನಕ್ಕೆ ಒಲ್ಲೆ ಎನ್ನುವಷ್ಟು ಗಟ್ಟಿಗಿತ್ತಿ ನಾನಲ್ಲ. ಉಂಡೆ, ಬೆರಳು ಚೀಪಿದೆ, ಆಮೇಲೆ ಗುರುಗಳ ನೆನಪಾಯಿತು. ಕಾಲು ಆ ವರ್ಷದಿಂದ ಕೀಳಲೊಲ್ಲದು. ಉಂಡದ್ದು ಅರಗಲೆಂದು ಕೆರೆಯ ದಂಡೆಯ ಮೇಲೆ ಮಳೆಯಲ್ಲಿ ಹುಚ್ಚಿಯಂತೆ ತಿರುಗಾಡಿದೆ. ಆ ವರ್ಷದ ಮಘ ಮಳೆ ಉದಾರವಾಗಿತ್ತು, ಸಂಜೆಯವರೆಗೂ ಬಿಡಲಿಲ್ಲ. ಹೇಗೋ ಬಂದು ಬಿದ್ದೆ. ಫಲಿತಾಂಶ ನಪಾಸು. ಉಪ್ಪು ಸರಿಯಾಗಿತ್ತು ಎಂದು ಗಂಡನ ಮುಂದೆ ಇವತ್ತಿಗೂ ವಾದಿಸುತ್ತೇನೆ.

ನನ್ನ ಈ ಪ್ರತಾಪದ ಏಟು ಬಿದ್ದದ್ದು ನೀಲವ್ವನಿಗೆ. ಮಾಸ್ತರರು ಅವಳನ್ನು ಕರೆದು ಕೂರಿಸಿಕೊಂಡರು. ನಾನೂ ಜೊತೆಗಿದ್ದೆ.

"ನೀಲವ್ವಾ, ನಿನ್ನ ಕಳಸಾಕ ಆಗೂದಿಲ್ಲವಾ. ಸರೋಜಕ್ಕನ ಪಾಡ ಹಿಂಗಾತು. ನೀ ಅಂತೂ ಉಂಡಽ ಉಣ್ತಿ. ಉತ್ತರಿ ಮಳಿ ಅಬಲೂರಾಗ ಮಘಿ ಮಳಿಯಂಗ ನಿಂದರೂದಿಲ್ಲ. ಬಂದಂಗ ಬಂದು ಹೋಗಿಬಿಡತೈತಿ. ಇಡೀ ವರ್ಷ ಅಲ್ಲೇ ಉಳದ್ರ? ಅಲ್ಲೀ ಅನ್ನ ಒಂದ ವರ್ಷ ಉಂಡಾಕಿ ತಿರುಗಿ ಬಂದದ್ದು ನಾ ನೋಡಿಲ್ಲ. ಮನ್ಯಾಗ ಮಕ್ಕಳು ಮೊಮ್ಮಕ್ಕಳು ಅದಾವು."

ನೀಲವ್ವ ನಗಲಿಲ್ಲ. ಅವಳು ನಗದಿದ್ದುದನ್ನು ನಾನು ನೋಡಿದ್ದು ಅದೇ ಮೊದಲು. "ಒಂದ ಸಲ ಮಾರಿ ನೋಡಿ ಬರ್ತೇನ್ರಿ ಮಾಸ್ತರ. ಬಾಗಲದಾಗ ನಿಂತು ನೋಡ್ತೇನಿ. ಒಳಗ ಹೋಗೂದಿಲ್ಲ," ಎಂದಳು.

"ಹಂಗಾದ್ರ ಖಾದರಸಾಬರ ಒಂದ ತಾಟ ಒಲ್ಲೆ ಅನ್ನು, ಕಳಸ್ತೇನಿ," ಎಂದರು ಮಾಸ್ತರರು.

ಹುಬ್ಬಿ ಮಳೆಯುದ್ದಕ್ಕೂ ನಮ್ಮದು ಅದೇ ಅಭ್ಯಾಸ. ನಾನು ಗಿರಮಿಟ್ಟು, ಮಂಡಕ್ಕಿ, ಶೇಂಗಾ ಹೋಳಿಗೆ ಹಿಡಿದು ಅವಳ ಬೆನ್ನು ಹತ್ತುವುದು, ಅವಳು ಓಡುವುದು. ಓಡುತ್ತಿದ್ದಳೇ ಹೊರತು ಒಲ್ಲೆ ಎನ್ನುತ್ತಿರಲಿಲ್ಲ. ಹಿಡಿದು ನಿಲ್ಲಿಸಿದರೆ ತಿಂದುಬಿಡುತ್ತಿದ್ದಳು. ಆ ದಿನಗಳಲ್ಲಿ ನಾವಿಬ್ಬರೂ ದಪ್ಪಗಾದದ್ದೊಂದೇ ಲಾಭ. ಕೊನೆಗೆ ಖಾದರಸಾಬರೇ ಕರಗಿ ಉಪಾಯ ಹೇಳಿದರು. ಸವಣೂರಿನ ಎಳೆಯ ವೀಳ್ಯದೆಲೆ ತಂದು, ಅಡಿಕೆ ಸುಣ್ಣ ಹಚ್ಚಿ ಮಡಚಿ, "ಇದನ್ನ ಬಾಯಾಗ ಇಟಗೋ ಬೇ ತಂಗಿ. ಬಾಯಿ ತುಂಬಿದ್ರ ಯಾರ ಏನ ತಿನಸ್ತಾರ?" ಎಂದರು. ಪರೀಕ್ಷೆಯ ದಿನ ನೀಲವ್ವ ಕೆನ್ನೆ ಉಬ್ಬಿಸಿಕೊಂಡು ಕುಳಿತಳು. ಬಿಸಿ ಹುಗ್ಗಿಯ ತಾಟು ಮೂಗಿನ ಮುಂದೆ ಬಂತು. ಅವಳ ಕಣ್ಣಲ್ಲಿ ನೀರಾಡಿತು, ಬಾಯಿ ಮಾತ್ರ ತೆರೆಯಲಿಲ್ಲ. ಮಾಸ್ತರರು ಇದು ಮೋಸ ಎಂದು ಗೊಣಗಿದರು. ಆಮೇಲೆ ಹೋಗಲಿ ಎಂದರು.

ಉತ್ತರಿ ಹುಟ್ಟಿತು. ನಾವು ನಾಲ್ವರು, ಮಾಸ್ತರರು, ಖಾದರಸಾಬರು, ನೀಲವ್ವ, ನಾನು, ಅಬಲೂರಿಗೆ ಹೋಗಿ ಹಳೆಯ ಗುಡಿಯ ಜಗಲಿಯ ಮೇಲೆ ಠಿಕಾಣಿ ಹಾಕಿದೆವು. ಶಾಸನದ ಕಲ್ಲುಗಳಿಗೆ ಬೆನ್ನು ಕೊಟ್ಟು ಆಕಾಶ ನೋಡುವುದೊಂದೇ ಕೆಲಸ. ಅದು ಮಳೆ ಕಡಿಮೆಯ ಸೀಮೆ. ಮೋಡ ಬರುತ್ತಿದ್ದವು, ಹಾನಗಲ್ಲಿನ ಕಡೆಗೆ ಹೋಗಿಬಿಡುತ್ತಿದ್ದವು. ಊರವರು ಬಂದು ಯಾರ ಮನೆಯವರು ಎಂದು ಕೇಳಿ, ಒಬ್ಬೊಬ್ಬರೂ ಒಂದೊಂದು ಹೊತ್ತು ಊಟಕ್ಕೆ ಎಳೆದುಕೊಂಡು ಹೋದರು. ಉತ್ತರಿ ಮುಗಿಯುತ್ತ ಬಂತು. ನೀಲವ್ವನ ಮಾತು ಕಡಿಮೆಯಾಗುತ್ತ ಹೋಯಿತು.

ಕಡೆಗೊಂದು ಮಧ್ಯಾಹ್ನ ಗಾಳಿ ತಿರುಗಿತು. ಜೋಳದ ಹೊಲಗಳ ಆಚೆ ಕಪ್ಪಗೆ ಕಟ್ಟಿಕೊಂಡು ಬಂದು ದಪ್ಪ ಹನಿ ಬೀಳತೊಡಗಿತು. ನಾವು ಎದ್ದು ನೀಲವ್ವನ ಅವ್ವನ ಮನೆಯಿದ್ದ ಜಾಗಕ್ಕೆ ಓಡಿದೆವು. ದೊಡ್ಡವ್ವನ ಕಾಲಕ್ಕೇ ಬಿದ್ದುಹೋದ ಮನೆ, ಈಗ ಬರಿ ಹಿತ್ತಲು. ನೀಲವ್ವ ಕೊಪ್ಪೆ ಹಾಕಿಕೊಂಡಳು. ಖಾದರಸಾಬರು ಎಲೆ ಅಡಿಕೆ ಮಡಚಿ ಅವಳ ಬಾಯಿಗಿಟ್ಟರು. ನಾಲ್ಕು ಹೆಜ್ಜೆ ಹೋದವಳು ನಿಂತಳು. ನಮ್ಮ ಕಡೆ ತಿರುಗಿ ನೋಡಿದಳು. ಬಗ್ಗಿ, ಬಾಯಲ್ಲಿದ್ದುದನ್ನು ಪೂರ್ತಿ ಉಗುಳಿ, ಮಳೆನೀರಿನಿಂದ ಬಾಯಿ ಮುಕ್ಕಳಿಸಿದಳು.

"ಏ ನೀಲವ್ವಾ! ಏನ್ ಮಾಡಾಕತ್ತಿ?" ಎಂದು ಚೀರಿದೆ.

"ಎಲಿ ಜಗಕೋಂತ ಅವ್ವನ ಮುಂದ ಹ್ಯಾಂಗ ನಿಂದರ್ಲಿ ಸರೋಜಕ್ಕಾ?" ಎಂದಳು. ಮಳೆ ಅವಳನ್ನು ಮುಚ್ಚಿತು.

ಮಾಸ್ತರರು ತಲೆ ಹಿಡಿದುಕೊಂಡು ಕಲ್ಲಿನ ಮೇಲೆ ಕುಳಿತುಬಿಟ್ಟರು. ನನಗೆ ನನ್ನ ಮೊಸರನ್ನ ಕಣ್ಣ ಮುಂದೆ ಬಂತು. ದಾರಿಹೋಕಳಿಗೇ ಅಷ್ಟು ಬಡಿಸುವ ಕೈಗಳು ಇವು, ಇನ್ನು ಈ ಹೆಂಗಸು ಜೀವಮಾನವಿಡೀ ಆ ಒಂದು ಕೈಗೆ ಹಸಿದವಳು. ಖಾದರಸಾಬರು ಮಳೆ ನಿಲ್ಲಬಾರದೆಂದು ಅಲ್ಲಾನಿಗೆ ಹೇಳಿಕೊಂಡರು, ನಾನು ನಮ್ಮ ದೇವರಿಗೆ ಹೇಳಿಕೊಂಡೆ. ಹೊಲಗಳಿಗೆ ನೀರು ಕುಡಿಸಿದ ಮಳೆ, ನಮ್ಮ ಮಾತು ಯಾವುದನ್ನೂ ಕೇಳದೆ ಸಣ್ಣಗಾಗತೊಡಗಿತು. ಆಚೆ ಬಿಸಿಲು ಬಿತ್ತು. ಎಲೆಯಿಂದ ತೊಟ್ಟಿಕ್ಕುವ ಹನಿ ಯಾವುದು, ಮೋಡದ ಹನಿ ಯಾವುದು ತಿಳಿಯದಂತಾಯಿತು. ನಾನು ಅಳಲು ಶುರು ಮಾಡಿದ್ದೆ, ಮುಚ್ಚಿಡುವುದೇನು.

ಆಗ ಹಿತ್ತಲ ಮೂಲೆಯಲ್ಲಿ ಗೋಣಿಯ ಕೊಪ್ಪೆ ಕಂಡಿತು. ನೀಲವ್ವ ಕೆಸರಿನಲ್ಲಿ ದಡದಡ ಹೆಜ್ಜೆ ಹಾಕುತ್ತ ಬಂದಳು. ಕಾಲು ಸಲೀಸಾಗಿ ಕೀಳುತ್ತಿತ್ತು. ಅವಳ ಹಿಂದೆಯೇ ಮಳೆ ನಿಂತಿತು.

"ಏನೂ ತಿನ್ನಲಿಲ್ಲ?" ಮಾಸ್ತರರಿಗೆ ನಂಬಿಕೆ ಬರಲಿಲ್ಲ.

"ಇಲ್ರಿ. ಹಸವಾಗಿ ಜೀವ ಹೊಂಟೈತಿ, ಮೊದ್ಲ ಏನರ ಕೊಡ್ರಿ."

ಮಾಸ್ತರರ ಕಣ್ಣು ಅವಳ ಸೊಂಟದ ಕಡೆ ಹೋಯಿತು. ಸೀರೆಯ ಒಂದು ಮಗ್ಗುಲು ಉಳಿದುದಕ್ಕಿಂತ ಹೆಚ್ಚು ತೋಯ್ದಿತ್ತು, ಬರುತ್ತಿದ್ದದ್ದು ಮಳೆಯ ವಾಸನೆಯೂ ಅಲ್ಲ. "ಅಲ್ಲಿಂದ ಏನೋ ತಂದಿದ್ದಂಗ ಐತಲ್ಲವಾ?" ಎಂದರು.

"ಕೂಸು ಉಚ್ಚಿ ಹೊಯ್ತ್ರಿ. ಅದು ನಂದ ಐತಿ ಬಿಡ್ರಿ, ಬ್ಯಾರೇದವರದಲ್ಲ," ಎಂದು ನೀಲವ್ವ ನಕ್ಕಳು. ಗುಡಿಯ ಪಾರಿವಾಳಗಳು ಹಾರಿದವು. ಖಾದರಸಾಬರು ನಗುತ್ತ ನಗುತ್ತ ರೊಟ್ಟಿಯ ಗಂಟು ಬಿಚ್ಚಿದರು.

ಜಗಲಿಯ ಮೇಲೆ ಕುಳಿತು ಉಣ್ಣುತ್ತ ಹೇಳಿದಳು.

"ಬಾಗಲದಾಗ ನಿಂತು ನೋಡಿ ಬರಬೇಕಂತ ಹೋದ್ನಿ. ಹುಡಿಗಿ ರೀ ಅಕಿ! ನನ್ನ ಸಣ್ಣ ಮಗಳಕಿಂತ ಸಣ್ಣಾಕಿ. ತಲಿ ಬಾಚಿಲ್ಲ, ಕಣ್ಣ ಕೆಳಗ ಕಪ್ಪು. ಬಗಲಾಗ ಕೂಸು ಚಿಟ್ಟನ ಚೀರಾಕತ್ತೈತಿ. ಒಲಿ ಮುಂದ ತಾಟಿನ್ಯಾಗ ರೊಟ್ಟಿ ಆರಿ ಹೋಗೈತಿ. ನನ್ನ ನೋಡಿ, 'ಬರ್ರಿ ಯವ್ವಾ, ತೊಯ್ದೀರಿ, ಉಣ್ರಿ' ಅಂದ್ಲು. ನನಗ ಯವ್ವಾ ಅಂದ್ಲು, ಸರೋಜಕ್ಕಾ."

ಇನ್ನೊಂದು ರೊಟ್ಟಿ ಮುರಿದುಕೊಂಡಳು.

"ನೀ ಉಂಡಿಯೇನು ಅಂತ ಕೇಳಿದ್ನಿ. ಈ ಕೂಸು ಬಿಟ್ರ ಉಣ್ಣಬೇಕಲ್ಲ ಅಂದ್ಲು. ತಾ ಇಲ್ಲೆ ಅಂತ ಕೂಸಿನ್ನ ಕಸಗೊಂಡ್ನಿ. ಮೊದ್ಲ ನೀ ಉಣ್ಣು, ನೀ ಉಣ್ಣೂತನಾ ನಾ ಏನೂ ಒಲ್ಲೆ ಅಂದ್ನಿ. ಒಮ್ಮೆಲೇ ಬಂತು ನೋಡ್ರಿ ಬಾ‌ಯಾಗ, ಒಲ್ಲೆ ಅಂತ! ನನ್ನ ಎದುರಿಗೇ ಕುಂತು ಉಂಡ್ಲು. ಬಿಸಿ ರೊಟ್ಟಿ ಬಡದು ಬಡದು ಹಾಕಿದ್ನಿ ಒಂದ ಕೈಲೆ. ಎಷ್ಟ ಹಸದಿದ್ಲೋ. ಮಾರಿ ಪೂರಾ ನೋಡಿದ್ನಿ. ಮೂಗು, ಗದ್ದ, ನಗೂವಾಗ ಹಲ್ಲು. ಅಕಿ ಉಂಡಿದ್ದು ನೋಡಿ ನನ್ನ ಹೊಟ್ಟಿ ತುಂಬ್ತು. ನನಗ ತಿನ್ನಬೇಕಂತ ನೆಪ್ಪ ಆಗ್ಲಿಲ್ಲ."

"ಮತ್ತ ಕೂಸು ಹ್ಯಾಂಗಿತ್ತು?" ಎಂದೆ, ಅಳುವುದನ್ನು ತಪ್ಪಿಸಲು.

"ಭಾಳ ಹಟಮಾರಿ. ಎರಡ ಬಾರಿಸಬೇಕನಿಸ್ತು."

ಮಾಸ್ತರರು 'ಪಾಸ' ಎಂದರು. ನಮ್ಮ ಶಾಲೆಯಲ್ಲಿ ವರ್ಷಗಟ್ಟಲೆ ಬೇಡ ಎನ್ನುವುದನ್ನು ಕಲಿಸಿದರೂ, ಮನೆಯವರಿಗೆ ಮೊದಲು ಬಡಿಸಿದರೆ ಬೇಡ ಎನ್ನುವುದು ಸುಲಭ ಎಂದು ಯಾರಿಗೂ ಹೊಳೆದಿರಲಿಲ್ಲ ಎಂದು ಒಪ್ಪಿಕೊಂಡರು. ನಪಾಸಾದ ನಾನೂ ಒಲ್ಲೆ ಎನ್ನಲು ಕಲಿತದ್ದು ಅವತ್ತೇ. ಬಸ್ಸಿಗೆ ಹೊತ್ತಾಗಿತ್ತು. ಎದ್ದು ಹೊರಟಾಗ ನಾನು ತಡೆಯಲಾರದೆ ಕೇಳಿದೆ: "ನೀ ಬರೂವಾಗ ಏನಂದ್ಲು?"

"ಮಳಿ ಸಣ್ಣ ಆಗಾಕತ್ತಿತ್ತು, ಅವಸರ ಮಾಡಿ ಎದ್ನಿ. 'ಈ ಮಳ್ಯಾಗ ಎಲ್ಲಿ ಹೊಂಟ್ರಿ? ಮತ್ತ ಯಾವಾಗ ಬರ್ತೀರಿ ಯವ್ವಾ?' ಅಂತ ಕೇಳಿದ್ಲು. ಏನ್ ಹೇಳ್ಲಿ? ಮತ್ತ ಹೋಗಾಕ ಬರೂದಿಲ್ಲಲ್ಲ ನನಗ." ನೀಲವ್ವ ಸೆರಗಿನಿಂದ ಬಾಯಿ ಒರೆಸಿಕೊಂಡಳು. "ಕೂಸಿನ್ನ ಅಕಿ ಬಗಲಾಗ ಕೊಟ್ಟು, 'ನಾ ಇಲ್ಲೇ ಅದೇನಿ ತಗೋ, ನೀ ಮಾತ್ರ ಹೊತ್ತೊತ್ತಿಗೆ ಉಣ್ಣು' ಅಂದು ಬಂದ್ನಿ."